ಸಿಬಿಲೆ ಶ್ಮಿತ್ಸ್: ಯುದ್ಧೋತ್ತರ ಜರ್ಮನಿ ಮರೆತ ಅಭಿನೇತ್ರಿ

ನಮ್ಮ ಮಹಾನಗರಗಳ ಫಿಲ್ಮ್ ಸೊಸೈಟಿಗಳಲ್ಲಿ ಜರ್ಮನ್ ಚಿತ್ರಗಳನ್ನು ಆಸಕ್ತಿಯಿಂದ ನೋಡಿದವರಿಗೆ ವೆರೊನಿಕಾ ಫೋಸ್ ಎಂಬ ಹೆಸರು ಅಪರಿಚಿತವಲ್ಲ. ರೈನರ್ ವರ್ನರ್ ಫಾಸ್‌ಬಿಂಡರ್ ನಿರ್ದೇಶಿಸಿ, 1982ರ ಬರ್ಲಿನ್ ಚಲನಚಿತ್ರೋತ್ಸವದಲ್ಲಿ ಸ್ವರ್ಣ ಕರಡಿ ಪ್ರಶಸ್ತಿ ಗಳಿಸಿದ ಕಪ್ಪುಬಿಳುಪು ಚಿತ್ರವೊಂದರ ನಾಯಕಿ ಅವಳು. ಒಂದು ಕಾಲಕ್ಕೆ ತಾರೆಯಾಗಿ ಮೆರೆದು, ಯುದ್ಧಾನಂತರ ಅವಕಾಶಗಳು ಕೈತಪ್ಪಿ, ಮಾದಕ ಔಷಧಕ್ಕೆ ದಾಸಳಾಗಿ ಅಳಿದುಹೋಗುವ ನಟಿಯೊಬ್ಬಳ ಕಥೆ ಅದು. ಈ ಕಥೆಗೆ ಪ್ರೇರಣೆಯಾದದ್ದು ಸಿಬಿಲೆ ಶ್ಮಿತ್ಸ್ ಎಂಬ ನಿಜವಾದ ಅಭಿನೇತ್ರಿಯ ಬದುಕು. ಇಂದು ಚಿತ್ರಾಸಕ್ತರು ವೆರೊನಿಕಾಳನ್ನು ಬಲ್ಲರು. ಸಿಬಿಲೆಯವರನ್ನು ಬಲ್ಲವರು ವಿರಳ. ಅವರ ಸಾವಿನ ಕಥೆ ಎಷ್ಟು ಪ್ರಸಿದ್ಧವಾಯಿತೆಂದರೆ, ಅವರ ಕಾಲು ಶತಮಾನದ ಕಲಾಜೀವನ ಅದರ ಹಿಂದೆ ಮರೆಯಾಗಿಹೋಯಿತು. ಆ ಕಲಾಜೀವನವನ್ನು ಮೊದಲಿನಿಂದ ಅವಲೋಕಿಸುವುದು ಈ ಲೇಖನದ ಉದ್ದೇಶ.

ಸಿಬಿಲೆ ಜನಿಸಿದ್ದು 1909ರ ಡಿಸೆಂಬರ್ 2ರಂದು, ಪಶ್ಚಿಮ ಜರ್ಮನಿಯ ರೈನ್ ಪ್ರಾಂತದ ಡ್ಯೂರೆನ್ ಎಂಬ ಪಟ್ಟಣದಲ್ಲಿ. ಕಲೋನ್ ನಗರದ ನಾಟಕಶಾಲೆಯಲ್ಲಿ ಅಭಿನಯದ ಪಾಠ ಕಲಿತು, ಇನ್ನೂ ಇಪ್ಪತ್ತು ತುಂಬುವ ಮೊದಲೇ ಅವರು ಬರ್ಲಿನ್ ಸೇರಿದರು. ಅಲ್ಲಿ ಅವರಿಗೆ ಆಶ್ರಯ ದೊರೆತದ್ದು ಆ ಕಾಲದ ಯುರೋಪಿನ ಅಗ್ರಗಣ್ಯ ರಂಗನಿರ್ದೇಶಕ ಮ್ಯಾಕ್ಸ್ ರೈನ್‌ಹಾರ್ಟ್ ಅವರ ಡಾಯ್ಚೆಸ್ ಥಿಯೇಟರ್‌ನಲ್ಲಿ. ರೈನ್‌ಹಾರ್ಟ್ ಅವರ ರಂಗಭೂಮಿ ಜರ್ಮನ್ ಚಿತ್ರರಂಗಕ್ಕೆ ಅನೇಕ ಪ್ರತಿಭೆಗಳನ್ನು ಕೊಟ್ಟ ಗುರುಕುಲವೇ ಆಗಿತ್ತು. ಬೆಳಕು ಮತ್ತು ನೆರಳುಗಳನ್ನು ಭಾವದ ಭಾಷೆಯಾಗಿ ಬಳಸುವ ಅಲ್ಲಿನ ಪದ್ಧತಿ ಮೂಕಿ ಚಿತ್ರಗಳ ಮೇಲೂ ಅಚ್ಚೊತ್ತಿತ್ತು. ಸಿಬಿಲೆಯವರ ಮುಖ ಅಂಥ ಬೆಳಕಿಗೆಂದೇ ರೂಪುಗೊಂಡಂತಿತ್ತು: ಎದ್ದುಕಾಣುವ ಕೆನ್ನೆಯ ಮೂಳೆಗಳು, ಕಪ್ಪು ಕೂದಲು, ನೋಡುಗನನ್ನು ದಾಟಿ ಇನ್ನೆಲ್ಲೋ ನೆಟ್ಟಂತಿರುವ ವಿಶಾಲವಾದ ಕಪ್ಪು ಕಣ್ಣುಗಳು.

1928ರಲ್ಲಿ ಎರ್ನೊ ಮೆಟ್ಸ್‌ನರ್ ಅವರ 'ಯೂಬರ್‌ಫಾಲ್' ಎಂಬ ಕಿರುಚಿತ್ರದಲ್ಲಿ ಅವರು ಕಾಣಿಸಿಕೊಂಡರು. ಮರುವರ್ಷ ಜಿ. ಡಬ್ಲ್ಯು. ಪಾಬ್ಸ್ಟ್ ಅವರ ವಿಖ್ಯಾತ ಮೂಕಿ ಚಿತ್ರ 'ಟಾಗೆಬೂಖ್ ಐನರ್ ಫರ್ಲೋರೆನೆನ್', ಅಂದರೆ 'ದಾರಿತಪ್ಪಿದವಳ ದಿನಚರಿ' ತೆರೆಕಂಡಿತು. ಅಮೆರಿಕದ ಲೂಯಿಸ್ ಬ್ರೂಕ್ಸ್ ನಾಯಕಿಯಾಗಿದ್ದ ಆ ಚಿತ್ರದಲ್ಲಿ ಸಿಬಿಲೆಯವರದು ಪುಟ್ಟ ಪಾತ್ರ. ಔಷಧ ವ್ಯಾಪಾರಿಯೊಬ್ಬನ ಮನೆವಾರ್ತೆ ನೋಡಿಕೊಳ್ಳುವ ಎಲಿಸಬೆತ್ ಒಡೆಯನಿಂದಲೇ ಗರ್ಭ ಧರಿಸಿ, ಮನೆಯಿಂದ ಹೊರದೂಡಲ್ಪಟ್ಟು ನೀರುಪಾಲಾಗುತ್ತಾಳೆ. ಚಿತ್ರದ ಆರಂಭದಲ್ಲೇ ಮುಗಿದುಹೋಗುವ ಈ ಪಾತ್ರ, ಕಥಾನಾಯಕಿಗೆ ಒದಗಲಿರುವ ಗತಿಯ ಮುನ್ಸೂಚನೆಯೂ ಹೌದು. ಸಮಾಜ ಬಳಸಿ ಬಿಸುಟ ಹೆಣ್ಣು, ಸಾವಿನ ಅಂಚಿನಲ್ಲಿ ನಿಂತ ಹೆಣ್ಣು, ಇಂಥ ಪಾತ್ರಗಳು ಆಗಿನಿಂದಲೇ ಅವರನ್ನು ಅರಸಿ ಬರತೊಡಗಿದವು.

ಅವರ ಹೆಸರನ್ನು ಚಲನಚಿತ್ರದ ಚರಿತ್ರೆಯಲ್ಲಿ ಶಾಶ್ವತವಾಗಿ ಉಳಿಸಿದ ಚಿತ್ರ 'ವಾಂಪೀರ್'. ಡೆನ್ಮಾರ್ಕಿನ ಮಹಾನಿರ್ದೇಶಕ ಕಾರ್ಲ್ ಥಿಯೊಡೋರ್ ಡ್ರೇಯರ್ ಇದನ್ನು ಫ್ರಾನ್ಸಿನ ಹಳ್ಳಿಯೊಂದರಲ್ಲಿ ಚಿತ್ರೀಕರಿಸಿದರು. 1932ರ ಮೇ ತಿಂಗಳಲ್ಲಿ ಬರ್ಲಿನ್‌ನಲ್ಲಿ ಅದು ಮೊದಲು ಪ್ರದರ್ಶನಗೊಂಡಿತು. ಚಿತ್ರಕ್ಕೆ ಹಣ ಹೂಡಿದ ಸಿರಿವಂತ ತರುಣ ನಿಕೊಲಾ ದ ಗುಂಜ್‌ಬುರ್ಗ್ ತಾನೇ ಬೇರೊಂದು ಹೆಸರಿನಲ್ಲಿ ನಾಯಕನಾಗಿದ್ದ. ತಾರಾಗಣದ ಬಹುತೇಕರು ಹಿಂದೆಂದೂ ಅಭಿನಯಿಸಿದವರಲ್ಲ. ವೃತ್ತಿನಿರತ ಕಲಾವಿದರೆಂದರೆ ಸಿಬಿಲೆ ಮತ್ತು ಆಕೆಯ ತಂದೆಯ ಪಾತ್ರಧಾರಿ ಮೋರಿಸ್ ಶುಟ್ಸ್, ಇವರಿಬ್ಬರೇ. ರಕ್ತಪಿಪಾಸು ಪ್ರೇತಕ್ಕೆ ಬಲಿಯಾಗಿ ಹಾಸಿಗೆ ಹಿಡಿದ ಲಿಯೋನ್ ಎಂಬ ತರುಣಿಯಾಗಿ ಅವರು ನಟಿಸಿದರು. ಹಾಸಿಗೆಯಲ್ಲಿ ಒರಗಿ ದುಃಖಿಸುತ್ತಿರುವ ಲಿಯೋನ್ ನಿಧಾನವಾಗಿ ತಲೆಯೆತ್ತುತ್ತಾಳೆ. ಅವಳ ದೃಷ್ಟಿ ಕೋಣೆಯಲ್ಲಿ ಚಲಿಸುತ್ತಿರುವ ಸ್ವಂತ ತಂಗಿಯನ್ನು ಹಿಂಬಾಲಿಸುತ್ತದೆ; ತುಟಿಗಳು ಹಿಂಜರಿದು ಹಲ್ಲು ಕಾಣುತ್ತವೆ; ವೇದನೆಯಿದ್ದಲ್ಲಿ ಹಸಿವು ಮೂಡುತ್ತದೆ. ವಿಶೇಷ ಪ್ರಸಾಧನವಿಲ್ಲ, ತಂತ್ರಗಾರಿಕೆಯಿಲ್ಲ, ಮಾತೂ ಇಲ್ಲ. ಕೇವಲ ಮುಖದ ಮಾಂಸಖಂಡಗಳಿಂದ ಒಬ್ಬ ಕಲಾವಿದೆ ಮನುಷ್ಯತ್ವದಿಂದ ಪೈಶಾಚಿಕತೆಗೆ ಸಾಗುವ ದಾರಿಯನ್ನು ತೋರಿದ ಆ ದೃಶ್ಯ ಇಂದಿಗೂ ಮೈ ಜುಮ್ಮೆನ್ನಿಸುತ್ತದೆ. ಅಂದಿನ ಪ್ರೇಕ್ಷಕರು ಚಿತ್ರವನ್ನು ತಿರಸ್ಕರಿಸಿದರು. ಅದಕ್ಕೆ ಮಾನ್ಯತೆ ದೊರೆತದ್ದು ದಶಕಗಳ ನಂತರ.

ಅದೇ 1932ರ ಕೊನೆಯಲ್ಲಿ ಬಿಡುಗಡೆಯಾದ 'ಎಫ್.ಪಿ. 1 ಉತ್ತರಿಸುತ್ತಿಲ್ಲ' ಎಂಬ ಉಫಾ ಸಂಸ್ಥೆಯ ವೈಭವದ ಚಿತ್ರ ಅವರನ್ನು ಜನಪ್ರಿಯ ತಾರೆಯನ್ನಾಗಿಸಿತು. ಅಟ್ಲಾಂಟಿಕ್ ಸಾಗರದ ನಡುವೆ ವಿಮಾನಗಳು ಇಳಿಯಲೆಂದು ಕಟ್ಟಿದ ತೇಲುವ ನಿಲ್ದಾಣದ ಕಥೆ ಅದು. ನಾಯಕ ಜನಪ್ರಿಯ ನಟ ಹಾನ್ಸ್ ಆಲ್ಬರ್ಸ್, ನಿರ್ಮಾಪಕ ಎರಿಖ್ ಪೊಮ್ಮರ್. ಉಫಾ ಎಂದರೆ ಅಂದಿನ ಜರ್ಮನಿಯ ಅತಿ ದೊಡ್ಡ ಚಿತ್ರಸಂಸ್ಥೆ. ಭಾರತೀಯರಿಗೂ ಅದು ತೀರ ದೂರದ್ದಲ್ಲ. ಹಿಮಾಂಶು ರಾಯ್ ಅವರ 'ಪ್ರಪಂಚ ಪಾಶ' (1929) ಚಿತ್ರದ ನಿರ್ಮಾಣದಲ್ಲಿ ಉಫಾ ಪಾಲ್ಗೊಂಡಿತ್ತು; ಮುಂದೆ ಬೆಂಗಳೂರಿನಲ್ಲಿ ನೆಲೆಸಿದ ದೇವಿಕಾ ರಾಣಿಯವರು ತಾರುಣ್ಯದಲ್ಲಿ ತರಬೇತಿ ಪಡೆದದ್ದೂ ಅಲ್ಲಿಯೇ.

1933ರ ಜನವರಿಯಲ್ಲಿ ಹಿಟ್ಲರ್ ಅಧಿಕಾರಕ್ಕೆ ಬಂದ. ಯೆಹೂದಿಯರಾದ ಪೊಮ್ಮರ್ ಮತ್ತು ರೈನ್‌ಹಾರ್ಟ್ ದೇಶ ಬಿಡಬೇಕಾಯಿತು. ಜರ್ಮನ್ ಚಿತ್ರರಂಗದ ಶ್ರೇಷ್ಠ ಪ್ರತಿಭೆಗಳಲ್ಲಿ ಹಲವರು ಚದುರಿಹೋದರು. ಉಳಿದವರು ಪ್ರಚಾರ ಮಂತ್ರಿ ಗೋಬೆಲ್ಸನ ಹಿಡಿತದಲ್ಲಿ ಕೆಲಸ ಮಾಡಬೇಕಾಯಿತು. ಸಿಬಿಲೆ ಜರ್ಮನಿಯಲ್ಲೇ ಉಳಿದರು, ನಟಿಸುತ್ತಲೇ ಇದ್ದರು. ಈ ಸಂಗತಿಯನ್ನು ಮುಚ್ಚಿಡುವ ಅಗತ್ಯವಿಲ್ಲ. ಆದರೆ ಆ ಆಡಳಿತ ಮೆಚ್ಚಿ ಮೆರೆಸುತ್ತಿದ್ದ ಹೊಂಗೂದಲಿನ, ಆರೋಗ್ಯವಂತ, ಮನೆತನದ ಹೆಣ್ಣಿನ ಮಾದರಿಗೆ ಅವರು ಎಂದೂ ಒಗ್ಗಲಿಲ್ಲ ಎಂಬುದೂ ಅಷ್ಟೇ ಸತ್ಯ. ಹೀಗಾಗಿ ಅವರಿಗೆ ಹೆಚ್ಚಾಗಿ ದಕ್ಕಿದ್ದು ಪರದೇಶದ ಹೆಣ್ಣು, ರಹಸ್ಯಮಯಿ, ಒಳಸಂಚಿನ ಚೆಲುವೆ ಇಂಥ ಪಾತ್ರಗಳು. 1934ರ 'ಆಬ್‌ಶೀಡ್ಸ್‌ವಾಲ್ತ್ಸರ್' ಚಿತ್ರದಲ್ಲಿ ಸಂಗೀತಗಾರ ಶೋಪ್ಯಾನ್‌ನ ಬದುಕನ್ನು ಪ್ರವೇಶಿಸುವ ಲೇಖಕಿ ಜಾರ್ಜ್ ಸ್ಯಾಂಡ್ ಆಗಿ, 1935ರಲ್ಲಿ ಆಸ್ಕರ್ ವೈಲ್ಡ್ ನಾಟಕದ ಚಿತ್ರರೂಪದಲ್ಲಿ ಕಪಟಿ ಮಿಸೆಸ್ ಶೆವ್ಲಿಯಾಗಿ ಅವರು ಅಭಿನಯಿಸಿದರು.

ಈ ಅವಧಿಯ ಅವರ ಅತ್ಯುತ್ತಮ ಸಾಧನೆಯೆಂದರೆ ನಿರ್ದೇಶಕ ಫ್ರಾಂಕ್ ವಿಸ್ಬಾರ್ ಅವರ 'ಫೇರ್‌ಮಾನ್ ಮರಿಯಾ' (1936). ಹೆಸರಿನ ಅರ್ಥ ಅಂಬಿಗ ಮರಿಯಾ. ಲ್ಯೂನೆಬುರ್ಗ್ ಪ್ರದೇಶದ ಜೌಗು ಬಯಲುಗಳಲ್ಲಿ ಚಿತ್ರೀಕರಣಗೊಂಡ ಈ ಚಿತ್ರದ ಕಥೆ ಜನಪದ ಕಥೆಯಷ್ಟೇ ಸರಳ. ಹಳೆಯ ಅಂಬಿಗ ಸತ್ತಾಗ, ಮನೆಮಠವಿಲ್ಲದ ಮರಿಯಾ ಎಂಬ ಹೆಣ್ಣು ದೋಣಿ ನಡೆಸುವ ಕೆಲಸಕ್ಕೆ ಸೇರುತ್ತಾಳೆ. ಒಂದು ರಾತ್ರಿ ಬೆನ್ನಟ್ಟಿ ಬಂದವರಿಂದ ತಪ್ಪಿಸಿಕೊಂಡ ಗಾಯಾಳು ತರುಣನೊಬ್ಬನನ್ನು ದಾಟಿಸಿ ತನ್ನ ಗುಡಿಸಲಿನಲ್ಲಿ ಅಡಗಿಸಿಡುತ್ತಾಳೆ. ಅವನನ್ನು ಕೊಂಡೊಯ್ಯಲು ಸಾವೇ ಮನುಷ್ಯರೂಪದಲ್ಲಿ ಬಂದಾಗ, ದಾರಿ ತಪ್ಪಿಸಲೆಂದು ಊರ ಹಬ್ಬದಲ್ಲಿ ಅವನೊಡನೆ ಕುಣಿಯುತ್ತಾಳೆ. ಕೊನೆಗೆ ತನ್ನ ಪ್ರಾಣವನ್ನೇ ಪಣಕ್ಕಿಟ್ಟು ಅವನನ್ನು ಜೌಗಿನ ನಡುವೆ ಕರೆದೊಯ್ಯುತ್ತಾಳೆ. ಮರಿಯಾ ದಾಟುತ್ತಾಳೆ, ಸಾವು ಕೆಸರಿನಲ್ಲಿ ಹೂತುಹೋಗುತ್ತದೆ. ನಮ್ಮ ಸಾವಿತ್ರಿಯ ಕಥೆಯನ್ನು ಬಲ್ಲವರಿಗೆ ಇದರ ಮರ್ಮವನ್ನು ಬಿಡಿಸಿ ಹೇಳಬೇಕಾಗಿಲ್ಲ. ಮಾತು ತೀರ ಕಡಿಮೆಯಿರುವ ಈ ಚಿತ್ರವನ್ನು ಸಿಬಿಲೆಯವರ ಮೌನವೇ ಹೊತ್ತು ಸಾಗುತ್ತದೆ. ಸಾವಿಗೆ ಬಲಿಯಾಗುವ ಹೆಣ್ಣಾಗಿ ಪದೇ ಪದೇ ಕಾಣಿಸಿಕೊಂಡ ಕಲಾವಿದೆ ಸಾವನ್ನೇ ಸೋಲಿಸಿದ ಪಾತ್ರವಿದು. ಅದೇ ವರ್ಷ ವಿಸ್ಬಾರ್ ಅವರದೇ 'ಡಿ ಉನ್‌ಬೆಕಾಂಟೆ'ಯಲ್ಲಿ, ಪ್ಯಾರಿಸ್ಸಿನ ಸೇನ್ ನದಿಯಲ್ಲಿ ಶವವಾಗಿ ದೊರೆತಳೆಂದು ಹೇಳಲಾಗುವ ಅನಾಮಿಕ ತರುಣಿಯ ಕಥೆಗೆ ಅವರು ಜೀವ ತುಂಬಿದರು. ಕೆಲವೇ ವರ್ಷಗಳಲ್ಲಿ ವಿಸ್ಬಾರ್ ಕೂಡ ಅಮೆರಿಕಕ್ಕೆ ವಲಸೆ ಹೋದರು. ಸಿಬಿಲೆಯವರ ಪ್ರತಿಭೆಯನ್ನು ಸರಿಯಾಗಿ ಅರಿತಿದ್ದ ನಿರ್ದೇಶಕರು ಹೀಗೆ ಒಬ್ಬೊಬ್ಬರಾಗಿ ದೂರವಾದರು.

1938ರಲ್ಲಿ ಗುಸ್ತಾಫ್ ಗ್ರ್ಯುಂಡ್‌ಗೆನ್ಸ್ ಅವರೊಡನೆ 'ಜ್ವಾಲಾಮುಖಿಯ ಮೇಲೆ ನೃತ್ಯ' ಎಂಬ ಅರ್ಥದ ಶೀರ್ಷಿಕೆಯುಳ್ಳ ಚಿತ್ರದಲ್ಲಿ ನಟಿಸಿದರು. 1940ರಲ್ಲಿ ಚಿತ್ರಕಥೆಗಾರ ಹರಾಲ್ಡ್ ಪೀಟರ್ಸನ್ ಅವರನ್ನು ವಿವಾಹವಾದರು. ಯುದ್ಧದ ವರ್ಷಗಳಲ್ಲಿ ಅವರು ನಟಿಸಿದ ಅತಿ ದೊಡ್ಡ ಚಿತ್ರ 'ಟೈಟಾನಿಕ್'. ಆ ಹಡಗಿನ ದುರಂತಕ್ಕೆ ಇಂಗ್ಲಿಷ್ ಬಂಡವಾಳಗಾರರ ದುರಾಸೆಯೇ ಕಾರಣವೆಂದು ಸಾರಲು ನಾಜಿ ಆಡಳಿತ ತೆಗೆಸಿದ ಪ್ರಚಾರ ಚಿತ್ರವಿದು. ಸಿಬಿಲೆ ಅದರಲ್ಲಿ ಸಿಗ್ರಿಡ್ ಒಲಿನ್ಸ್ಕಿ ಎಂಬ ಸಿರಿವಂತೆಯ ಪಾತ್ರ ವಹಿಸಿದರು. ಚಿತ್ರೀಕರಣದ ನಡುವೆ ನೌಕಾಪಡೆಯ ಅಧಿಕಾರಿಗಳ ವರ್ತನೆಯನ್ನು ಖಂಡಿಸಿ ಆಡಿದ ಮಾತಿಗಾಗಿ ನಿರ್ದೇಶಕ ಹರ್ಬರ್ಟ್ ಸೆಲ್ಪಿನ್ ಅವರನ್ನು ಬಂಧಿಸಲಾಯಿತು. 1942ರ ಆಗಸ್ಟ್ 1ರಂದು ಅವರು ಸೆರೆಕೋಣೆಯಲ್ಲಿ ಶವವಾಗಿ ಕಂಡುಬಂದರು. ಉಳಿದ ಭಾಗವನ್ನು ವರ್ನರ್ ಕ್ಲಿಂಗ್ಲರ್ ಮುಗಿಸಿದರು. ಮುಗಿದ ಚಿತ್ರವನ್ನು ಜರ್ಮನಿಯೊಳಗೆ ತೋರಿಸಲು ಗೋಬೆಲ್ಸನೇ ಒಪ್ಪಲಿಲ್ಲ. ಬಾಂಬುದಾಳಿಗೆ ನಿತ್ಯವೂ ತತ್ತರಿಸುತ್ತಿದ್ದ ಜನರಿಗೆ ಮುಳುಗುವ ಹಡಗಿನ ಹಾಹಾಕಾರವನ್ನು ತೋರಿಸುವುದು ಅವನಿಗೆ ಹಿತವೆನಿಸಲಿಲ್ಲ. 1943ರಲ್ಲಿ ಚಿತ್ರ ಪ್ಯಾರಿಸ್ಸಿನಲ್ಲಿ ಮೊದಲು ತೆರೆಕಂಡಿತು. ಚಿತ್ರೀಕರಣಕ್ಕೆ ಬಳಸಿದ್ದ 'ಕಾಪ್ ಅರ್ಕೋನಾ' ಎಂಬ ನಿಜವಾದ ಹಡಗು 1945ರ ಮೇ 3ರಂದು, ಸೆರೆಶಿಬಿರಗಳ ಸಾವಿರಾರು ಕೈದಿಗಳನ್ನು ತುಂಬಿಕೊಂಡಿದ್ದಾಗಲೇ ಬ್ರಿಟಿಷ್ ವಿಮಾನಗಳ ದಾಳಿಗೆ ತುತ್ತಾಯಿತು. ಕಥೆಯಲ್ಲಿ ನಟಿಸಿದ ದುರಂತಕ್ಕಿಂತ ಘೋರವಾದದ್ದು ವಾಸ್ತವದಲ್ಲಿ ನಡೆದುಹೋಯಿತು.

1945ರ ಮೇ ತಿಂಗಳಲ್ಲಿ ಜರ್ಮನಿ ಶರಣಾದಾಗ ಸಿಬಿಲೆಯವರಿಗೆ ಮೂವತ್ತೈದು ವರ್ಷ. ದೇಶ ನಾಲ್ಕು ಆಕ್ರಮಿತ ವಲಯಗಳಾಗಿ ಒಡೆಯಿತು. ಉಫಾ ಸಂಸ್ಥೆಯ ಬಾಬೆಲ್ಸ್‌ಬರ್ಗ್ ಸ್ಟುಡಿಯೋಗಳು ಸೋವಿಯತ್ ವಲಯಕ್ಕೆ ಸೇರಿದವು. ಪಶ್ಚಿಮದಲ್ಲಿ ಚಿತ್ರ ತೆಗೆಯಬೇಕಾದರೆ ವಿಜಯಿ ರಾಷ್ಟ್ರಗಳ ಪರವಾನಗಿ ಬೇಕಿತ್ತು. ಬಾಂಬಿಗೆ ಉರುಳಿದ ನಗರಗಳ ನಡುವೆಯೇ ಹೊಸ ಚಿತ್ರಗಳು ಹುಟ್ಟಿದವು. ಅವುಗಳಿಗೆ ಭಗ್ನಾವಶೇಷದ ಚಿತ್ರಗಳೆಂದೇ ಹೆಸರಾಯಿತು. 1946ರ 'ಕೊಲೆಗಾರರು ನಮ್ಮ ನಡುವೆಯೇ ಇದ್ದಾರೆ' ಎಂಬರ್ಥದ ಚಿತ್ರ ಇಪ್ಪತ್ತರ ಹರೆಯದ ಹಿಲ್ಡೆಗಾರ್ಡ್ ಕ್ನೆಫ್ ಅವರನ್ನು ಹೊಸ ಜರ್ಮನಿಯ ಮುಖವನ್ನಾಗಿಸಿತು.

ಸಿಬಿಲೆ ಮರಳಿ ತೆರೆಗೆ ಬಂದದ್ದು 1947ರಲ್ಲಿ ಮ್ಯೂನಿಕ್‌ನಲ್ಲಿ ತಯಾರಾದ ಹರಾಲ್ಡ್ ಬ್ರೌನ್ ನಿರ್ದೇಶನದ 'ನಿನ್ನೆ ಮತ್ತು ನಾಳೆಗಳ ನಡುವೆ' ಎಂಬರ್ಥದ ಚಿತ್ರದಲ್ಲಿ. ಹಾಳುಬಿದ್ದ ಹೋಟೆಲೊಂದರಲ್ಲಿ ಹಳೆಯ ಪಾಪವೊಂದರ ಎಳೆ ಬಿಚ್ಚಿಕೊಳ್ಳುವ ಕಥೆ ಅದು. ನಾಜಿ ಕಾಲದಲ್ಲಿ ನಟ ಪತಿಯಿಂದ ದೂರವಾದ ಯೆಹೂದಿ ಮಹಿಳೆ ನೆಲ್ಲಿ ಡ್ರೈಫಸ್, ಗೆಸ್ಟಾಪೋ ಕೈಗೆ ಸಿಗುವುದಕ್ಕಿಂತ ಸಾವೇ ಲೇಸೆಂದುಕೊಳ್ಳುತ್ತಾಳೆ. ಆ ಪಾತ್ರ ಸಿಬಿಲೆಯವರದು. ಪತಿಯ ಪಾತ್ರ ವಹಿಸಿದವರು, ಕೆಲವೇ ವರ್ಷಗಳ ಹಿಂದೆ ನಾಜಿ ಪ್ರಚಾರ ಚಿತ್ರದಲ್ಲಿ ನಾಯಕನಾಗಿ ಮೆರೆದಿದ್ದ ವಿಲ್ಲಿ ಬಿರ್ಗೆಲ್! ಅಪರಾಧದ ಕಾಲದಲ್ಲಿ ತೆರೆಯ ಮೇಲಿದ್ದವರೇ ಈಗ ಪಶ್ಚಾತ್ತಾಪದ ಕಥೆಯನ್ನೂ ಅಭಿನಯಿಸುತ್ತಿದ್ದರು. ಅದೇ ಚಿತ್ರದಲ್ಲಿ ಕ್ನೆಫ್ ಇಂದಿನ, ಬದುಕಲು ಹಟತೊಟ್ಟ ಹುಡುಗಿ. ಸಿಬಿಲೆ ನಿನ್ನೆಯ, ಸತ್ತುಹೋದ ಹೆಣ್ಣು. ಈ ಪಾತ್ರಹಂಚಿಕೆಯಲ್ಲಿಯೇ ಅವರ ಮುಂದಿನ ವೃತ್ತಿಜೀವನದ ಗತಿ ಅಡಗಿತ್ತೆನ್ನಬಹುದು.

1948ರ ಜೂನ್‌ನಲ್ಲಿ ಪಶ್ಚಿಮ ವಲಯಗಳಲ್ಲಿ ಹೊಸ ನಾಣ್ಯ ಚಲಾವಣೆಗೆ ಬಂತು. ಅಂಗಡಿಗಳು ತುಂಬಿದವು, ದುಡಿಮೆ, ಗಳಿಕೆ, ಮನೆ ಕಟ್ಟುವ ಹುಮ್ಮಸ್ಸು ಎಲ್ಲೆಡೆ ಹಬ್ಬಿತು. ಭಗ್ನಾವಶೇಷಗಳನ್ನು ತೆರೆಯ ಮೇಲೆ ನೋಡಲು ಯಾರಿಗೂ ಮನಸ್ಸಿರಲಿಲ್ಲ. 1950ರ 'ಬ್ಲ್ಯಾಕ್ ಫಾರೆಸ್ಟ್‌ನ ಹುಡುಗಿ', 1951ರ 'ಬಯಲು ಹಸಿರಾಗಿದೆ' ಎಂಬರ್ಥದ ವರ್ಣಚಿತ್ರಗಳು ಜನರನ್ನು ಮಂತ್ರಮುಗ್ಧಗೊಳಿಸಿದವು. ಹಚ್ಚಹಸಿರು ಕಣಿವೆ, ಹಬ್ಬದುಡುಗೆ, ಹಾಡು, ಸುಖಾಂತ್ಯದ ಪ್ರೇಮ: ಇವೇ ತಾಯ್ನೆಲದ ಚಿತ್ರಗಳೆಂದು ಕರೆಯಿಸಿಕೊಂಡವು. ಅಲ್ಲಿ ಸೊನ್ಯಾ ಸೀಮನ್ ಅವರಂಥ ನಗುಮುಖದ ಎಳೆಯ ನಾಯಕಿಯರಿಗೆ ಜಾಗವಿತ್ತು. ಮರೆಯಬಯಸಿದ್ದನ್ನೆಲ್ಲ ನೆನಪಿಸುವಂಥ ಕಣ್ಣುಗಳ ಸಿಬಿಲೆಗೆ ಅಲ್ಲಿ ಜಾಗವಿರಲಿಲ್ಲ. ಅವರು ಯಾವ ಅಪರಾಧಕ್ಕಾಗಿಯೂ ಬಹಿಷ್ಕೃತರಾದವರಲ್ಲ. ಆ ಆಡಳಿತಕ್ಕೆ ಅವರಿಗಿಂತ ಎಷ್ಟೋ ಹತ್ತಿರವಿದ್ದ ನಟರು, ನಿರ್ದೇಶಕರು ಕೆಲವೇ ವರ್ಷಗಳಲ್ಲಿ ಮೊದಲಿನಂತೆ ಕೆಲಸಕ್ಕೆ ಮರಳಿದ್ದರು. ಮನರಂಜನೆಯ ಮಾರುಕಟ್ಟೆಗೆ ಅವರ ಮುಖಚರ್ಯೆ ಬೇಡವಾಯಿತು, ಅಷ್ಟೆ; ಜೊತೆಗೆ ಅವರ ವಯಸ್ಸೂ ನಲವತ್ತನ್ನು ಮುಟ್ಟಿತ್ತು.

1949ರಲ್ಲಿ 'ಕೊನೆಯ ರಾತ್ರಿ' ಎಂಬರ್ಥದ ಚಿತ್ರ, 1950ರಲ್ಲಿ 'ರಾಬಾನ್ಸರ್ ಪ್ರಕರಣ' ಮೊದಲಾದವು ಬಂದವು. ಬಳಿಕ ಅವಕಾಶಗಳು ಬತ್ತತೊಡಗಿದವು. 1952ರ 'ಇಲ್ಯೂಷನ್ ಇನ್ ಮೋಲ್' ಚಿತ್ರದಲ್ಲಿ ಅವರು ಮತ್ತೊಮ್ಮೆ ಹಿಲ್ಡೆಗಾರ್ಡ್ ಕ್ನೆಫ್ ಅವರ ಜೊತೆ ಕಾಣಿಸಿಕೊಂಡರು. ಅಷ್ಟರಲ್ಲಿ ಕ್ನೆಫ್ ಹಾಲಿವುಡ್ ಚಿತ್ರಗಳವರೆಗೆ ಬೆಳೆದಿದ್ದರು; ಸಿಬಿಲೆಯವರದು ಪೋಷಕ ಪಾತ್ರ. 1954ರ 'ಕರಾವಳಿಯ ಮನೆ' ಎಂಬರ್ಥದ ಚಿತ್ರ ಅವರ ಕೊನೆಯ ಚಿತ್ರವಾಯಿತು. ಮದುವೆ ಮುರಿದಿತ್ತು. ಅತ್ತ ಪೀಟರ್ಸನ್ 1960ರ ದಶಕದ ಜನಪ್ರಿಯ ವಿನ್ನೆಟು ಚಿತ್ರಗಳಿಗೆ ಚಿತ್ರಕಥೆ ಬರೆದು ಯಶಸ್ಸು ಕಾಣಲಿದ್ದರು. ಲೇಖಕನಿಗೆ ವಯಸ್ಸಿನ ಭಯವಿಲ್ಲ. ಅಭಿನೇತ್ರಿಗೆ ಆ ವಿನಾಯಿತಿ ಯಾವ ದೇಶದ ಚಿತ್ರರಂಗದಲ್ಲಿಯೂ ಸುಲಭವಾಗಿ ದೊರೆತದ್ದಿಲ್ಲ.

ಮದ್ಯ, ಖಿನ್ನತೆ, ನೋವು ಮರೆಸುವ ಮಾದಕ ಔಷಧ ಇವು ಅವರ ಕೊನೆಯ ವರ್ಷಗಳನ್ನು ಕಬಳಿಸಿದವು. ವ್ಯಸನವನ್ನು ಚಿಕಿತ್ಸೆ ಬೇಡುವ ರೋಗವೆನ್ನುವ ಬದಲು ಶೀಲದ ದೋಷವೆಂದು ಕಾಣುತ್ತಿದ್ದ ಕಾಲವದು. ಮ್ಯೂನಿಕ್‌ನಲ್ಲಿ ಅವರು ವೈದ್ಯೆಯೊಬ್ಬರ ಆರೈಕೆಯಲ್ಲಿದ್ದರು. 1955ರ ಏಪ್ರಿಲ್ 13ರಂದು ಸಿಬಿಲೆ ತಮ್ಮ ಬದುಕನ್ನು ತಾವೇ ಕೊನೆಗೊಳಿಸಿಕೊಂಡರು. ಆಗ ಅವರಿಗೆ ನಲವತ್ತೈದು ವರ್ಷ. ಆ ವೈದ್ಯೆಯ ಚಿಕಿತ್ಸಾಕ್ರಮ ನ್ಯಾಯಾಲಯದ ಮೆಟ್ಟಿಲೇರಿತು. ಪತ್ರಿಕೆಗಳು ಅದನ್ನು ಆಸಕ್ತಿಯಿಂದ ವರದಿ ಮಾಡಿದವು. ಬದುಕಿದ್ದಾಗ ಮರೆತ ನಟಿಯನ್ನು ಸಾವಿನ ಪ್ರಕರಣದಿಂದಾಗಿ ಮತ್ತೆ ಸುದ್ದಿಯಾಗಿಸಿದವು. ಅದೇ ವರ್ಷದ ಕೊನೆಯಲ್ಲಿ ರೋಮಿ ಶ್ನೈಡರ್ ನಟಿಸಿದ 'ಸಿಸ್ಸಿ' ಬಿಡುಗಡೆಯಾಗಿ, ಜರ್ಮನ್ ಭಾಷಿಕರೆಲ್ಲ ಆ ರಾಜಕುಮಾರಿಯ ಕನಸಿನಲ್ಲಿ ಮುಳುಗಿಹೋದರು.

ಸಿಬಿಲೆ ತೀರಿಕೊಂಡಾಗ ಫಾಸ್‌ಬಿಂಡರ್ ಒಂಬತ್ತು ವರ್ಷದ ಬಾಲಕ. ಮುಂದೆ ನಿರ್ದೇಶಕರಾದ ಮೇಲೆ ತಮ್ಮ ಚಿತ್ರವೊಂದರಲ್ಲಿ ತಾಯಿಯ ಪಾತ್ರಕ್ಕೆ ಅವರನ್ನೇ ಹುಡುಕಿಸಿದರೆಂದೂ, ಅವರು ಎಂದೋ ತೀರಿಕೊಂಡಿದ್ದಾರೆಂಬುದು ಆಗಲೇ ತಿಳಿಯಿತೆಂದೂ ಹೇಳಲಾಗುತ್ತದೆ. ಆ ಅರಸುವಿಕೆಯ ಫಲವೇ 'ವೆರೊನಿಕಾ ಫೋಸ್'. ರೋಸೆಲ್ ತ್ಸೆಖ್ ನಾಯಕಿಯಾಗಿ ನಟಿಸಿದ ಆ ಚಿತ್ರ, ತನ್ನ ಭೂತಕಾಲವನ್ನು ಔಷಧ ಕೊಟ್ಟು ಮಲಗಿಸಲು ಹವಣಿಸಿದ ಇಡೀ ಪಶ್ಚಿಮ ಜರ್ಮನಿಯ ರೂಪಕವಾಗಿದೆ. ಚಿತ್ರಕ್ಕೆ ಪ್ರಶಸ್ತಿ ಬಂದ ಕೆಲವೇ ತಿಂಗಳುಗಳಲ್ಲಿ, 1982ರ ಜೂನ್ 10ರಂದು, ಫಾಸ್‌ಬಿಂಡರ್ ಅವರೂ ಮಾದಕ ದ್ರವ್ಯಗಳಿಗೆ ಬಲಿಯಾದರು. ಅವರಿಗೆ ಕೇವಲ ಮೂವತ್ತೇಳು ವರ್ಷ.

ಆದರೆ ವೆರೊನಿಕಾ ಬೇರೆ, ಸಿಬಿಲೆ ಬೇರೆ ಎಂಬುದನ್ನು ಮರೆಯಬಾರದು. ಚಿತ್ರದ ವೆರೊನಿಕಾ ಗೋಬೆಲ್ಸನ ಆಪ್ತಳಾಗಿದ್ದಳೆಂಬ ಗಾಳಿಮಾತು ಅವಳ ಬೆನ್ನು ಹತ್ತಿದೆ. ಆ ಮಾತನ್ನು ಸಿಬಿಲೆಯವರಿಗೂ ಅಂಟಿಸುವುದು ಅನ್ಯಾಯ. ವೆರೊನಿಕಾ ಅಭಿನಯದಲ್ಲಿ ಸೋತವಳು. ಒಂದು ಸಣ್ಣ ದೃಶ್ಯವನ್ನೂ ನಿಭಾಯಿಸಲಾರದೆ ಕುಸಿಯುತ್ತಾಳೆ. ಸಿಬಿಲೆಯವರಾದರೋ ಮೂಕಿ ಯುಗದಿಂದ ಯುದ್ಧೋತ್ತರ ಕಾಲದವರೆಗೆ ಮೂವತ್ತಕ್ಕೂ ಮಿಕ್ಕಿದ ಚಿತ್ರಗಳಲ್ಲಿ ದುಡಿದವರು. ಪಾಬ್ಸ್ಟ್, ಡ್ರೇಯರ್, ವಿಸ್ಬಾರ್‌ರಂಥವರ ಕಣ್ಣಿಗೆ ಬಿದ್ದು ಅವರ ನಂಬಿಕೆಯನ್ನು ಉಳಿಸಿಕೊಂಡವರು. ಕಲಾವಿದರ ಕೊನೆಯ ದಿನವನ್ನೇ ಅವರ ಇಡೀ ಬದುಕಿನ ಸಾರಾಂಶವೆಂದು ತಿಳಿಯುವುದು ನಮಗೆ ಸುಲಭ, ಅವರಿಗೆ ಕ್ರೂರ.

'ವಾಂಪೀರ್' ಇಂದು ಪುನರುದ್ಧಾರಗೊಂಡು ನೋಡಲು ಸಿಗುತ್ತದೆ. 'ಫೇರ್‌ಮಾನ್ ಮರಿಯಾ' ಕೂಡ ಕಾಲದ ಪ್ರವಾಹದಲ್ಲಿ ಕೊಚ್ಚಿಹೋಗಿಲ್ಲ. ಸಿಬಿಲೆ ಶ್ಮಿತ್ಸ್ ಅವರಿಗೆ ಸಲ್ಲಿಸಬಹುದಾದ ಶ್ರದ್ಧಾಂಜಲಿಯೆಂದರೆ ಆ ಚಿತ್ರಗಳನ್ನು ನೋಡುವುದೇ. ಜೌಗಿನ ಕಿರುದಾರಿಯಲ್ಲಿ ಸಾವನ್ನು ಹಿಂದಿಟ್ಟುಕೊಂಡು ಅಳುಕದೆ ಹೆಜ್ಜೆ ಹಾಕುವ ಮರಿಯಾಳ ಮುಖವನ್ನು ಒಮ್ಮೆ ಕಂಡವರಿಗೆ, ಅವರನ್ನು ಕೇವಲ ದುರಂತವೊಂದರ ನಾಯಕಿಯಾಗಿ ನೆನೆಯುವುದು ಮುಂದೆಂದೂ ಸಾಧ್ಯವಾಗದು.